ರಾಜಕೀಯ, ಸಾಮಾಜಿಕ ಸಾಕ್ಷ್ಯಚಿತ್ರಗಳನ್ನೇ ವೃತ್ತಿ ಮಾಡಿಕೊಳ್ಳಲು ಎಲ್ಲಿಂದ ಶುರು ಮಾಡಬೇಕು?

ದೃಶ್ಯಾರ್ಥಿ

ಎಲ್ಲರಿಗೂ ನಮಸ್ಕಾರ. ಕ್ಯಾಮೆರಾ ಮತ್ತು ಎಡಿಟಿಂಗ್ ಎರಡೂ ಕೆಲಸ ನಡೆಯುವಷ್ಟು ಗೊತ್ತಿವೆ. ಜಾಹೀರಾತು, ಕಂಪನಿಗಳ ಪ್ರಚಾರ ಚಿತ್ರ ಇವನ್ನೆಲ್ಲ ಕಡಿಮೆ ಮಾಡಿ ರಾಜಕೀಯ, ಸಾಮಾಜಿಕ ವಿಷಯಗಳ ಸಾಕ್ಷ್ಯಚಿತ್ರಗಳನ್ನೇ ವೃತ್ತಿಯಾಗಿ ಹಿಡಿಯುವ ಇರಾದೆ ಇದೆ. ಮೊದಲ ಪೂರ್ಣಾವಧಿ ಚಿತ್ರಕ್ಕೆ ಆರಿಸಿಕೊಂಡಿರುವುದು ಗಣಿಗಾರಿಕೆಯಿಂದ ಕುಡಿಯುವ ನೀರು ಕೆಟ್ಟ ಊರುಗಳ ವಿಷಯ. ಒಂದು ಕಡೆ ಊರಿನ ಜನ, ಇನ್ನೊಂದು ಕಡೆ ಕಂಪನಿ, ನಡುವೆ ಅಧಿಕಾರಿಗಳು ಮತ್ತು ಕೋರ್ಟು.

ಕೇಳಬೇಕಾಗಿರುವುದು ಇಷ್ಟು: ಶೂಟಿಂಗ್‌ಗೆ ಇಳಿಯುವ ಮೊದಲು ಏನೇನು ಸಿದ್ಧವಿರಬೇಕು? ಹಣ ಯಾವ ಹಂತದಲ್ಲಿ, ಯಾರಿಂದ ಬರುತ್ತದೆ, ಹಣ ಕೊಟ್ಟವರಿಗೆ ಎಷ್ಟು ಮಾತು ಬಿಟ್ಟುಕೊಡಬೇಕಾಗುತ್ತದೆ? ಕಂಪನಿ ಕೇಸು ಹಾಕಿದರೆ ಚಿತ್ರ ಉಳಿಯುವುದು ಹೇಗೆ? ಮುಖ ತೋರಿಸಲು ಹೆದರುವವರನ್ನು ಶೂಟ್ ಮಾಡುವುದು ಹೇಗೆ? ಕೊನೆಯದಾಗಿ, ಒಂದು ಚಿತ್ರಕ್ಕೆ ಮೂರ್ನಾಲ್ಕು ವರ್ಷ ಹಿಡಿಯುವಾಗ ಈ ವೃತ್ತಿಯಲ್ಲಿರುವವರ ಜೀವನ ಸಾಗುವುದು ಹೇಗೆ? ಸ್ಫೂರ್ತಿಯ ಮಾತಿಗಿಂತ ಕೆಲಸದ ವಿವರ ಸಿಕ್ಕರೆ ಹೆಚ್ಚು ಉಪಕಾರ.

ಕತ್ತರಿಮೇಜು

ಹಣ, ಕಾನೂನು ಬಲ್ಲವರು ಬರೆಯಲಿ. ನಾನು ಸಂಕಲನದ ಕಡೆಯಿಂದ ಬರೆಯುತ್ತೇನೆ. ಶೂಟಿಂಗ್‌ನಲ್ಲಿ ಎಡವಿದ್ದೆಲ್ಲ ಕಡೆಗೆ ಬಂದು ಬೀಳುವುದು ಆ ಮೇಜಿನ ಮೇಲೇ.

"ಗಣಿಯಿಂದ ನೀರು ಕೆಟ್ಟಿದೆ" ಎನ್ನುವುದು ಸದ್ಯಕ್ಕೆ ವಿಷಯ ಮಾತ್ರ. ಅದು ಚಿತ್ರವಾಗಬೇಕಾದರೆ ಮುಂದಿನ ಒಂದೆರಡು ವರ್ಷದಲ್ಲಿ ನಿಮ್ಮ ಕ್ಯಾಮೆರಾ ಮುಂದೆ ನಡೆಯಲಿರುವ ಸಂಗತಿಗಳು ಯಾವುವು ಎಂದು ಪಟ್ಟಿ ಮಾಡಿ: ಕೋರ್ಟಿನ ವಿಚಾರಣೆ, ನೀರಿನ ಪರೀಕ್ಷಾ ವರದಿ, ಚುನಾವಣೆ, ಗಣಿಯ ಲೈಸೆನ್ಸ್ ನವೀಕರಣ. ಇವುಗಳಲ್ಲಿ ಫಲಿತಾಂಶ ಯಾರಿಗೂ ಗೊತ್ತಿಲ್ಲದ ಒಂದಾದರೂ ಘಟನೆ ಇದ್ದರೆ ಅದೇ ಚಿತ್ರದ ಬೆನ್ನೆಲುಬು. ಪಾತ್ರಗಳನ್ನು ಆರಿಸುವಾಗ ಚೆನ್ನಾಗಿ ಮಾತಾಡುವವರ ಹಿಂದೆ ಹೋಗಬೇಡಿ. ಆ ಘಟನೆಗಾಗಿ ಓಡಾಡುವವರು, ಅದರಿಂದ ಏನನ್ನಾದರೂ ಕಳೆದುಕೊಳ್ಳುವವರು ಅಥವಾ ಗಳಿಸುವವರು ಯಾರು ಎಂದು ನೋಡಿ. ಈ ಬಗೆಯ ಚಿತ್ರಗಳು ಹೆಚ್ಚಾಗಿ ಸೋಲುವುದು ಇಲ್ಲೇ: ನಲವತ್ತು ಸಂದರ್ಶನ ಇರುತ್ತದೆ, ನಲವತ್ತರಲ್ಲೂ ಅದೇ ದೂರು, ಯಾರೂ ಏನನ್ನೂ ಮಾಡುತ್ತಿರುವ ದೃಶ್ಯ ಇರುವುದಿಲ್ಲ. ಮಹಿಳೆಯೊಬ್ಬರು ಕೊಡ ಹಿಡಿದು ಟ್ಯಾಂಕರ್‌ಗೆ ಕಾಯುವುದು, ಟ್ಯಾಂಕರ್ ಬಾರದೆ ಅಧಿಕಾರಿಗೆ ಫೋನ್ ಮಾಡುವುದು, ಆ ಕಡೆಯಿಂದ ಉತ್ತರ ಬಾರದೆ ಇರುವುದು, ಇಷ್ಟನ್ನು ಕತ್ತರಿಸದೆ ಹಿಡಿದರೆ ಹತ್ತು ಸಂದರ್ಶನದ ಕೆಲಸ ಆಗುತ್ತದೆ. ಸಂದರ್ಶನವನ್ನು ಇಂಥ ದೃಶ್ಯ ಸಿಕ್ಕ ಮೇಲೆ, ಅದರ ಬಗ್ಗೆಯೇ ಮಾಡಿ.

ಈಗ ಲೆಕ್ಕ. 90 ನಿಮಿಷದ ಚಿತ್ರಕ್ಕೆ 100 ಗಂಟೆ ಫುಟೇಜ್ ಬರುವುದು ಈ ಪ್ರಕಾರದಲ್ಲಿ ಮಾಮೂಲು. ಸೆಕೆಂಡಿಗೆ 100 ಮೆಗಾಬಿಟ್ ದರದಲ್ಲಿ ರೆಕಾರ್ಡ್ ಮಾಡಿದರೆ ಗಂಟೆಗೆ 45 ಜಿಬಿ, 100 ಗಂಟೆಗೆ 4.5 ಟಿಬಿ. ಮೂರು ಪ್ರತಿ ಇಟ್ಟರೆ 13.5 ಟಿಬಿ. ಎರಡು ಪ್ರತಿ ಸಾಲದು, ಮೂರು ಬೇಕು, ಅದರಲ್ಲಿ ಒಂದು ಬೇರೆ ಕಟ್ಟಡದಲ್ಲಿರಬೇಕು. ಕಾರ್ಡಿನಿಂದ ಡಿಸ್ಕಿಗೆ ಎಳೆದು ಹಾಕುವ ಮಾಮೂಲಿ ಕಾಪಿ ನಂಬಬೇಡಿ. ಚೆಕ್‌ಸಮ್ (ಮೂಲವೂ ಪ್ರತಿಯೂ ಒಂದೇ ಎಂದು ಖಚಿತಪಡಿಸುವ ಲೆಕ್ಕ) ತಾಳೆ ನೋಡುವ ತಂತ್ರಾಂಶದಲ್ಲಿ ಕಾಪಿ ಮಾಡಿ, ತಾಳೆಯಾದ ಎರಡು ಪ್ರತಿ ಕೈಗೆ ಬರುವ ತನಕ ಕಾರ್ಡ್ ಫಾರ್ಮ್ಯಾಟ್ ಮಾಡಬೇಡಿ.

ಚಿತ್ರ ಸ್ವಲ್ಪ ಅಲುಗಿದರೂ ಜನ ನೋಡುತ್ತಾರೆ, ಮಾತು ಕೇಳಿಸದಿದ್ದರೆ ನೋಡುವುದಿಲ್ಲ. ವ್ಯಕ್ತಿಗೆ ಕಾಲರ್ ಮೈಕ್, ಮೇಲಿನಿಂದ ಬೂಮ್ (ಕೋಲಿಗೆ ಕಟ್ಟಿದ ಮೈಕ್), ಎರಡನ್ನೂ ಬೇರೆ ಬೇರೆ ಟ್ರ್ಯಾಕ್‌ನಲ್ಲಿ, 48 ಕಿಲೋಹರ್ಟ್ಸ್ 24 ಬಿಟ್‌ನಲ್ಲಿ ಹಿಡಿಯಿರಿ. ಮಾತಿನ ಮಟ್ಟ ಮೈನಸ್ 12 ಡೆಸಿಬೆಲ್ ಆಸುಪಾಸಿನಲ್ಲಿರಲಿ, ಯಾರಾದರೂ ಏಕಾಏಕಿ ಕೂಗಿದಾಗ ಧ್ವನಿ ಒಡೆಯುವ ಸಂಭವ ಕಡಿಮೆ. ಬಟ್ಟೆಯ ಒಳಗೆ ಮೈಕ್ ಸಿಕ್ಕಿಸಿದಾಗ ಸರಬರ ಶಬ್ದ ಬರುತ್ತದೆ. ಅದನ್ನು ಆಮೇಲೆ ಪೂರ್ತಿ ತೆಗೆಯಲು ಆಗುವುದಿಲ್ಲ, ಹಾಗಾಗಿ ಹೆಡ್‌ಫೋನ್ ಹಾಕದೆ ರೆಕಾರ್ಡ್ ಒತ್ತಬೇಡಿ. ಪ್ರತಿ ಜಾಗ ಬಿಡುವ ಮೊದಲು ಯಾರೂ ಮಾತಾಡದ ಸದ್ದು 30 ಸೆಕೆಂಡ್ ಹಿಡಿದುಕೊಳ್ಳಿ. ಸಂಕಲನದಲ್ಲಿ ಒಂದು ಕೆಮ್ಮನ್ನು ತೆಗೆದ ಕಡೆ ತೇಪೆ ಹಾಕಲು ಇದೇ ಬೇಕು.

ವಿದ್ಯುತ್ 50 ಹರ್ಟ್ಸ್ ಇರುವ ಕಡೆ ಶಟರ್ ವೇಗ 1/50 ಅಥವಾ 1/100 ಸೆಕೆಂಡ್, 60 ಹರ್ಟ್ಸ್ ಇರುವ ಕಡೆ 1/60 ಅಥವಾ 1/120 ಇಡದಿದ್ದರೆ ಟ್ಯೂಬ್‌ಲೈಟ್ ಕೆಳಗೆ ಚಿತ್ರ ಮಿನುಗುತ್ತದೆ. ಸರ್ಕಾರಿ ಕಚೇರಿಗಳಲ್ಲಿ ಇದರಿಂದ ಹಾಳಾಗುವ ದೃಶ್ಯಗಳು ಬಹಳ, ಮತ್ತು ಆ ಸಭೆ ಇನ್ನೊಮ್ಮೆ ನಡೆಯುವುದಿಲ್ಲ. ಸೆಕೆಂಡಿಗೆ 24 ಫ್ರೇಮೋ 25 ಫ್ರೇಮೋ ಎಂದು ಮೊದಲ ದಿನವೇ ತೀರ್ಮಾನಿಸಿ. 25ರಲ್ಲಿ ಮುಗಿಸಿದ 90 ನಿಮಿಷದ ಚಿತ್ರವನ್ನು ಥಿಯೇಟರಿಗಾಗಿ 24ಕ್ಕೆ ನಿಧಾನಿಸಿದರೆ 93 ನಿಮಿಷ 45 ಸೆಕೆಂಡ್ ಆಗುತ್ತದೆ, ಧ್ವನಿಯ ಸ್ಥಾಯಿಯನ್ನೂ ಸರಿಪಡಿಸಬೇಕಾಗುತ್ತದೆ.

ಸಂದರ್ಶನದಲ್ಲಿ ಉತ್ತರ ಮುಗಿದಂತೆ ಕಂಡ ಮೇಲೂ ಐದು ಸೆಕೆಂಡ್ ಸುಮ್ಮನಿರಿ. ತಯಾರಿ ಮಾಡಿಕೊಂಡ ಮಾತು ಮುಗಿದ ಮೇಲೆ ಬರುವ ವಾಕ್ಯವೇ ಎಷ್ಟೋ ಸಲ ಚಿತ್ರಕ್ಕೆ ಹೋಗುವುದು. ಸಭೆಗಳಲ್ಲಿ ಮಾತಾಡುವವರನ್ನಷ್ಟೇ ಹಿಡಿಯಬೇಡಿ, ಕೇಳುವವರ ಮುಖವನ್ನೂ ಹತ್ತು ಹತ್ತು ಸೆಕೆಂಡ್ ಹಿಡಿಯಿರಿ. ಅವಿಲ್ಲದಿದ್ದರೆ ಒಂದು ಗಂಟೆಯ ಸಭೆಯನ್ನು ಮೂರು ನಿಮಿಷಕ್ಕೆ ಇಳಿಸಲು ದಾರಿಯೇ ಇರುವುದಿಲ್ಲ.

ಸಂಕಲನಕ್ಕೆ ಹತ್ತು ನಿಮಿಷದ ಚಿತ್ರಕ್ಕೆ ಒಂದು ತಿಂಗಳು ಎನ್ನುವುದು ಈ ಕೆಲಸದವರ ಲೆಕ್ಕ, ಅಂದರೆ 90 ನಿಮಿಷಕ್ಕೆ ಸುಮಾರು ಒಂಬತ್ತು ತಿಂಗಳು. ಬಜೆಟ್‌ನಲ್ಲಿ ಮೂರು ತಿಂಗಳು ಬರೆದವರು ಅರ್ಧದಲ್ಲಿ ಹಣ ಮುಗಿದು ಕೂರುತ್ತಾರೆ. ನಿಮಗೆ ಎಡಿಟಿಂಗ್ ಗೊತ್ತಿದ್ದರೂ ಸಂಕಲನಕಾರರು ಬೇರೆಯವರಾಗಿರಲಿ. ಆ ದೃಶ್ಯ ಹಿಡಿಯಲು ಎಷ್ಟು ಕಷ್ಟಪಟ್ಟಿರಿ ಎನ್ನುವುದು ಅವರಿಗೆ ಗೊತ್ತಿರುವುದಿಲ್ಲ, ಅದರಿಂದ ಚಿತ್ರಕ್ಕೆ ಒಳ್ಳೆಯದೇ.

ಹಕ್ಕುಪತ್ರ

ಹಣ ಒಂದೇ ಸಲ ಬರುವುದಿಲ್ಲ. ಡೆವಲಪ್‌ಮೆಂಟ್ (ತಯಾರಿ), ಪ್ರೊಡಕ್ಷನ್ (ಚಿತ್ರೀಕರಣ), ಪೋಸ್ಟ್ (ಸಂಕಲನ ಮತ್ತು ಆಮೇಲಿನ ಕೆಲಸ) ಎಂದು ಮೂರು ಹಂತದಲ್ಲಿ ಬರುತ್ತದೆ, ಪ್ರತಿ ಹಂತಕ್ಕೂ ಬೇರೆ ಸಾಕ್ಷಿ ಕೇಳುತ್ತಾರೆ. ಮೊದಲ ಹಂತಕ್ಕೆ ಮೂರ್ನಾಲ್ಕು ಪುಟದ ಪ್ರಸ್ತಾವ ಮತ್ತು ಪಾತ್ರಗಳ ಒಡನಾಟ ನಿಮಗೆ ನಿಜವಾಗಿ ಇದೆ ಎಂದು ತೋರಿಸುವ ಕೆಲವು ನಿಮಿಷದ ದೃಶ್ಯ ಸಾಕು. ಎರಡನೆಯದಕ್ಕೆ ಸಂಕಲನವಾದ ಎಂಟು ಹತ್ತು ನಿಮಿಷದ ಮಾದರಿ, ಪೂರ್ತಿ ಬಜೆಟ್, ಉಳಿದ ಹಣ ಎಲ್ಲಿಂದ ಬರಲಿದೆ ಎಂಬ ಯೋಜನೆ ಬೇಕು. ಮೂರನೆಯದಕ್ಕೆ ರಫ್ ಕಟ್, ಅಂದರೆ ಪೂರ್ತಿ ಚಿತ್ರದ ಮೊದಲ ಒರಟು ಜೋಡಣೆ. ಮಾದರಿ ಎಂದು ಸಂಗೀತ ತುಂಬಿದ ಟ್ರೇಲರ್ ಕಳಿಸಬೇಡಿ. ಆಯ್ಕೆ ಸಮಿತಿಯವರಿಗೆ ಬೇಕಿರುವುದು ಎರಡು ಮೂರು ಪೂರ್ತಿ ದೃಶ್ಯ, ನೀವು ದೃಶ್ಯವನ್ನು ಹೇಗೆ ಕಟ್ಟುತ್ತೀರಿ ಎನ್ನುವುದರ ಗುರುತು.

ಅಂತರರಾಷ್ಟ್ರೀಯವಾಗಿ ಇಂಥ ವಿಷಯಗಳಿಗೆ ಹಣ ಕೊಡುವವರಲ್ಲಿ ಆಮ್‌ಸ್ಟರ್‌ಡ್ಯಾಮ್‌ನ ಸಾಕ್ಷ್ಯಚಿತ್ರೋತ್ಸವ ಇಡ್ಫಾದ ಬರ್ತಾ ಫಂಡ್ ಇದೆ. ಇದು 1998ರಲ್ಲಿ ಯಾನ್ ವ್ರೈಮನ್ ಫಂಡ್ ಎಂಬ ಹೆಸರಲ್ಲಿ ಶುರುವಾಗಿದ್ದು, ಆಫ್ರಿಕಾ, ಏಷ್ಯಾ, ಲ್ಯಾಟಿನ್ ಅಮೆರಿಕ, ಮಧ್ಯಪ್ರಾಚ್ಯದಂಥ ಕಡೆಯ ನಿರ್ದೇಶಕರಿಗೆ ಮೀಸಲು. ಅಮೆರಿಕದ ಸಂಡಾನ್ಸ್ ಸಂಸ್ಥೆಯ ಸಾಕ್ಷ್ಯಚಿತ್ರ ನಿಧಿ, ಫೋರ್ಡ್ ಪ್ರತಿಷ್ಠಾನದ ಜಸ್ಟ್‌ಫಿಲ್ಮ್ಸ್, ಮೊದಲ ಹಂತಕ್ಕೇ ಹಣ ಕೊಡುವ ಕ್ಯಾಟಪಲ್ಟ್ ಕೂಡ ಇವೆ. ನಿಯಮಗಳು ವರ್ಷ ವರ್ಷ ಬದಲಾಗುತ್ತವೆ, ಅರ್ಜಿ ಬರೆಯುವ ಮೊದಲು ಆಯಾ ವರ್ಷದ ಅರ್ಹತೆ ಓದಿ. ಇಡ್ಫಾದ ಫೋರಂ, ಶೆಫೀಲ್ಡ್‌ನ ಮೀಟ್‌ಮಾರ್ಕೆಟ್ ಇಂಥ ಕಡೆ ಟಿವಿ ವಾಹಿನಿಯವರ ಮುಂದೆ ಚಿತ್ರವನ್ನು ಪ್ರಸ್ತಾಪಿಸುವ ಅವಕಾಶವಿದೆ. ಹೀಗೆ ಎಲ್ಲರೆದುರು ಪ್ರಸ್ತಾಪಿಸುವಾಗ (ಪಿಚ್) ಸಿಗುವುದು ಏಳೆಂಟು ನಿಮಿಷ, ಅದರಲ್ಲಿ ಎರಡು ಮೂರು ನಿಮಿಷ ದೃಶ್ಯಕ್ಕೇ ಹೋಗುತ್ತದೆ. ಕೆಲವು ನಿಧಿಗಳು ನೋಂದಾಯಿತ ಲಾಭರಹಿತ ಸಂಸ್ಥೆಯ ಮೂಲಕವೇ ಹಣ ಕೊಡುತ್ತವೆ. ಹಾಗೆ ನಿಮ್ಮ ಪರವಾಗಿ ಹಣ ಪಡೆಯುವ ಸಂಸ್ಥೆ ಸಾಮಾನ್ಯವಾಗಿ ಶೇ 5ರಿಂದ 10 ಹಿಡಿದುಕೊಳ್ಳುತ್ತದೆ, ಬಜೆಟ್‌ನಲ್ಲಿ ಬರೆಯಿರಿ. ವಿದೇಶಿ ಹಣ ಪಡೆಯಲು ನಿಮ್ಮ ದೇಶದ ಕಾನೂನು ಏನು ಹೇಳುತ್ತದೆ ಎಂದು ಅರ್ಜಿ ಹಾಕುವ ಮುಂಚೆಯೇ ಲೆಕ್ಕಪರಿಶೋಧಕರನ್ನು ಕೇಳಿ. ಹಣ ಮಂಜೂರಾದ ಮೇಲೆ ಕೇಳಿದರೆ ತಡವಾಯಿತು.

ಬಜೆಟ್ ಬರೆಯುವಾಗ ಬಿಟ್ಟುಹೋಗುವ ಬಾಬ್ತುಗಳು: ಆರ್ಕೈವ್ ದೃಶ್ಯ (ಬೇರೆಯವರ ಸಂಗ್ರಹದಲ್ಲಿರುವ ಹಳೆಯ ದೃಶ್ಯ), ಸಂಗೀತ, ವಕೀಲರ ಪರಿಶೀಲನೆ, ವಿಮೆ, ಅನುವಾದ ಮತ್ತು ಸಬ್‌ಟೈಟಲ್, ಬಣ್ಣ ತಿದ್ದುವಿಕೆ, ಸೌಂಡ್ ಮಿಕ್ಸ್, ಹಾರ್ಡ್ ಡಿಸ್ಕ್, ಪಾತ್ರಗಳ ಸುರಕ್ಷತೆ, ಶೇ 10 ಆಪದ್ಧನ, ಮತ್ತು ನಿರ್ದೇಶಕರ ಸಂಬಳ. ಸಂಬಳದ ಸಾಲು ಖಾಲಿ ಬಿಟ್ಟರೆ ಯಾರೂ ಮೆಚ್ಚುವುದಿಲ್ಲ, ಯೋಜನೆ ಅರ್ಧಕ್ಕೆ ನಿಲ್ಲಬಹುದೆಂಬ ಅನುಮಾನವೇ ಬರುತ್ತದೆ.

ಹಣ ಕೊಟ್ಟವರ ಮಾತಿನ ಬಗ್ಗೆ ಕೇಳಿದ್ದೀರಿ. ಕರಾರಿನಲ್ಲಿ ಮೂರು ಜಾಗ ನೋಡಿ: ಚಿತ್ರದ ಕೊನೆಯ ರೂಪ (ಅಂತಿಮ ಕಟ್) ತೀರ್ಮಾನಿಸುವ ಹಕ್ಕು ಯಾರದ್ದು, ಕಚ್ಚಾ ಫುಟೇಜ್ ಯಾರದ್ದು, ಹಣ ಕೊಟ್ಟವರ ಒಪ್ಪಿಗೆ ಪಡೆಯಬೇಕೆಂಬ ಷರತ್ತು ಇದೆಯೇ. ಮೊದಲೆರಡೂ ನಿಮ್ಮ ಬಳಿ ಇರಬೇಕು, ಮೂರನೆಯದು ಇರಬಾರದು. ಹೋರಾಟ ನಡೆಸುತ್ತಿರುವ ಸಂಸ್ಥೆಯೇ ಹಣ ಕೊಡಲು ಮುಂದೆ ಬಂದರೆ, ಎಷ್ಟೇ ಒಳ್ಳೆಯವರಾಗಿದ್ದರೂ ಬೇಡ ಎನ್ನಿ. ಇದರ ಬೆಲೆ ಎಷ್ಟೆಂದು ತಿಳಿಯಲು ಒಂದು ಮೊಕದ್ದಮೆ ಓದಲೇಬೇಕು. ಈಕ್ವೆಡಾರ್‌ನ ತೈಲ ಮಾಲಿನ್ಯದ ಬಗ್ಗೆ ಜೋ ಬರ್ಲಿಂಜರ್ ಮಾಡಿದ ಕ್ರೂಡ್ ಎಂಬ ಚಿತ್ರ 2009ರಲ್ಲಿ ಬಂತು. ಬಳಸದೆ ಉಳಿದ ಫುಟೇಜ್ ಬೇಕೆಂದು ಶೆವ್ರಾನ್ ಕಂಪನಿ ಕೋರ್ಟಿಗೆ ಹೋಯಿತು. 2010ರಲ್ಲಿ ನ್ಯೂಯಾರ್ಕ್‌ನ ಫೆಡರಲ್ ಕೋರ್ಟು ಸುಮಾರು 600 ಗಂಟೆ ಫುಟೇಜ್ ಒಪ್ಪಿಸಲು ಹೇಳಿತು, ಮೇಲ್ಮನವಿಯಲ್ಲಿ ಅದರ ವ್ಯಾಪ್ತಿ ಕಡಿಮೆಯಾಯಿತು. ಆದರೆ 2011ರ ತೀರ್ಪಿನಲ್ಲಿ ಮೇಲಿನ ಕೋರ್ಟು ಕೊಟ್ಟ ಕಾರಣ ನೋಡಿ: ಚಿತ್ರ ಮಾಡುವಂತೆ ಕೇಳಿಕೊಂಡವರು ಊರಿನವರ ಪರ ವಕೀಲರು, ಅವರ ಮಾತಿನಂತೆ ಒಂದು ದೃಶ್ಯ ಬದಲಾಗಿತ್ತು, ಹಾಗಾಗಿ ಸ್ವತಂತ್ರ ಪತ್ರಕರ್ತರಿಗೆ ಸಿಗುವ ರಕ್ಷಣೆಯನ್ನು ಗಟ್ಟಿಯಾಗಿ ಕೇಳುವ ಹಾಗಿಲ್ಲ ಎಂದು. ನಿಮ್ಮ ವಿಷಯಕ್ಕೂ ಅದಕ್ಕೂ ಇರುವ ಹೋಲಿಕೆ ನೋಡಿದರೆ, ಊರಿನವರ ವಕೀಲರ ಜೊತೆ ಯಾವ ಅಂತರ ಇಟ್ಟುಕೊಳ್ಳಬೇಕೆಂದು ಈಗಲೇ ತೀರ್ಮಾನಿಸುವುದು ಒಳ್ಳೆಯದು.

ಕಂಪನಿ ಕೇಸು ಹಾಕಿದರೆ ಚಿತ್ರವನ್ನು ಉಳಿಸುವುದು ಕಾಗದಪತ್ರ. ಮೊದಲ ದಿನದಿಂದ ಒಂದು ಕಡತ ಇಡಿ: ಪ್ರತಿಯೊಬ್ಬರ ಒಪ್ಪಿಗೆ ಪತ್ರ, ಜಾಗದ ಅನುಮತಿ, ಛಾಯಾಗ್ರಾಹಕರಿಂದ ಹಿಡಿದು ಅನುವಾದಕರವರೆಗೆ ಕೆಲಸ ಮಾಡಿದ ಎಲ್ಲರ ಜೊತೆಗಿನ ಕರಾರು, ಆರ್ಕೈವ್ ಮತ್ತು ಸಂಗೀತದ ಲೈಸೆನ್ಸ್. ಒಬ್ಬ ಛಾಯಾಗ್ರಾಹಕರ ಸಹಿ ಇಲ್ಲದಿದ್ದರೂ ಆ ದಿನದ ಫುಟೇಜ್ ಯಾರದ್ದೆಂಬ ಪ್ರಶ್ನೆ ಏಳುತ್ತದೆ, ಪ್ರಸಾರಕರು ಚಿತ್ರ ಮುಟ್ಟುವುದಿಲ್ಲ. ಸಂಕಲನ ಮುಗಿಯುವ ಹೊತ್ತಿಗೆ ಚಿತ್ರದಲ್ಲಿ ಬರುವ ಪ್ರತಿ ವಾಸ್ತವಾಂಶದ ವಾಕ್ಯಕ್ಕೂ ಪಕ್ಕದಲ್ಲಿ ಆಧಾರ ಬರೆದ ಸ್ಕ್ರಿಪ್ಟ್ ಸಿದ್ಧವಿರಲಿ. "ನೀರಿನಲ್ಲಿ ಸೀಸ ಇದೆ" ಎಂದು ಊರಿನವರು ಹೇಳಿದರೂ ಅದನ್ನು ಪ್ರಸಾರ ಮಾಡಿದವರು ನೀವೇ. ಪ್ರಯೋಗಾಲಯದ ವರದಿ, ಮಾದರಿ ತೆಗೆದ ದಿನಾಂಕ, ಜಾಗ, ಆ ಬಾಟಲಿ ಯಾರ ಕೈಯಿಂದ ಯಾರ ಕೈಗೆ ಹೋಯಿತೆಂಬ ದಾಖಲೆ ಇಲ್ಲದಿದ್ದರೆ ಆ ವಾಕ್ಯ ತೆಗೆಯಿರಿ.

ಆರೋಪಕ್ಕೆ ಒಳಗಾದವರಿಗೆ ಉತ್ತರಿಸಲು ಅವಕಾಶ ಕೊಡುವುದು ಕಡ್ಡಾಯ ಎಂದುಕೊಳ್ಳಿ. "ನಿಮ್ಮ ಬಗ್ಗೆ ಚಿತ್ರ ಮಾಡುತ್ತಿದ್ದೇವೆ, ಅಭಿಪ್ರಾಯ ತಿಳಿಸಿ" ಎಂಬ ಪತ್ರ ಸಾಲದು. ಒಂದೊಂದು ಆರೋಪವನ್ನೂ ಬಿಡಿಬಿಡಿಯಾಗಿ ಬರೆದು, ಒಂದೆರಡು ವಾರ ಸಮಯ ಕೊಟ್ಟು, ತಲುಪಿದ್ದಕ್ಕೆ ಪುರಾವೆ ಇಟ್ಟುಕೊಳ್ಳಿ. ಬಂದ ಉತ್ತರದ ಸಾರ ಚಿತ್ರದಲ್ಲಿ ಇರಬೇಕು, ಕೊನೆಯ ಟೈಟಲ್‌ನಲ್ಲಿ ಮೂರು ಸೆಕೆಂಡ್ ತೋರಿಸಿ ಕೈತೊಳೆದುಕೊಳ್ಳುವುದಲ್ಲ. ಪತ್ರವನ್ನು ರಫ್ ಕಟ್‌ಗೂ ಫೈನ್ ಕಟ್‌ಗೂ (ತಿದ್ದಿ ನಯಗೊಳಿಸಿದ ಕಟ್) ನಡುವೆ ಕಳಿಸಿ. ಇನ್ನೂ ಮುಂಚೆ ಕಳಿಸಿದರೆ ಬಾಗಿಲುಗಳು ಮುಚ್ಚಬಹುದು, ಪಿಕ್ಚರ್ ಲಾಕ್ (ಇನ್ನು ದೃಶ್ಯ ಬದಲಿಸುವುದಿಲ್ಲ ಎಂಬ ಹಂತ) ಆದ ಮೇಲೆ ಕಳಿಸಿದರೆ ಉತ್ತರ ಸೇರಿಸಲು ಜಾಗವಿರುವುದಿಲ್ಲ. ಬಾಯಿ ಮುಚ್ಚಿಸಲೆಂದೇ ಹಾಕುವ ಕೇಸುಗಳ ವಿರುದ್ಧ ಐರೋಪ್ಯ ಒಕ್ಕೂಟ 2024ರಲ್ಲಿ ನಿರ್ದೇಶನ ತಂದಿದೆ, ಎಷ್ಟೋ ದೇಶಗಳಲ್ಲಿ ಅಂಥ ರಕ್ಷಣೆ ಇನ್ನೂ ಇಲ್ಲ.

ಪ್ರಸಾರಕರು ಎರರ್ಸ್ ಅಂಡ್ ಒಮಿಷನ್ಸ್ ವಿಮೆ, ಅಂದರೆ ಮಾನನಷ್ಟ, ಹಕ್ಕುಸ್ವಾಮ್ಯದಂಥ ದಾವೆಗಳ ವಿರುದ್ಧದ ವಿಮೆ ಕೇಳುತ್ತಾರೆ. ಅಮೆರಿಕದ ಮಾರುಕಟ್ಟೆಯಲ್ಲಿ ಒಂದು ದಾವೆಗೆ 10 ಲಕ್ಷ ಡಾಲರ್, ಒಟ್ಟು 30 ಲಕ್ಷ ಡಾಲರ್ ರಕ್ಷಣೆ ರೂಢಿ. ವಿಮೆ ಕೊಡುವವರು ಮೇಲೆ ಹೇಳಿದ ಕಡತವನ್ನೇ ಕೇಳುವುದು.

ಆರ್ಕೈವ್ ದೃಶ್ಯದ ದರ ಸೆಕೆಂಡಿನ ಲೆಕ್ಕದಲ್ಲಿರುತ್ತದೆ, ಯಾವ ದೇಶ, ಎಷ್ಟು ವರ್ಷ, ಟಿವಿಯೋ ಆನ್‌ಲೈನೋ ಎಂಬುದರ ಮೇಲೆ ಏರುತ್ತದೆ. ಕೈಯಲ್ಲಿ ಹಣವಿಲ್ಲದಾಗ ಮೊದಲು ಚಿತ್ರೋತ್ಸವದ ಹಕ್ಕು ಮಾತ್ರ ಕೊಂಡು, ಉಳಿದವುಗಳ ದರವನ್ನು ಅದೇ ಕರಾರಿನಲ್ಲಿ ಈಗಲೇ ಬರೆಸಿಕೊಳ್ಳಿ. ಚಿತ್ರ ಮಾರಾಟವಾದ ಮೇಲೆ ಚೌಕಾಸಿಗೆ ಬಲ ಇರುವುದಿಲ್ಲ. ಅಮೆರಿಕದಲ್ಲಿ ಫೇರ್ ಯೂಸ್ ಎಂಬ ಹಕ್ಕುಸ್ವಾಮ್ಯ ವಿನಾಯಿತಿಯ ಆಧಾರದ ಮೇಲೆ ಕೆಲವನ್ನು ಲೈಸೆನ್ಸ್ ಇಲ್ಲದೆ ಬಳಸಬಹುದು, 2005ರಲ್ಲಿ ಸಾಕ್ಷ್ಯಚಿತ್ರದವರೇ ಅದಕ್ಕೊಂದು ನೀತಿಸೂತ್ರ ಬರೆದ ಮೇಲೆ ವಿಮಾ ಕಂಪನಿಗಳೂ ಒಪ್ಪತೊಡಗಿದವು. ಬೇರೆ ದೇಶಗಳ ವಿನಾಯಿತಿ ಇದಕ್ಕಿಂತ ಇಕ್ಕಟ್ಟಾಗಿರಬಹುದು. ಇನ್ನೊಂದು: ಸಂದರ್ಶನದ ಹಿಂದೆ ಟಿವಿಯಲ್ಲಿ ಸಿನಿಮಾ ಹಾಡು ಬರುತ್ತಿದ್ದರೆ ಆರಿಸಿ. ಮಾತಿನ ಅಡಿಯಲ್ಲಿ ಅಂಟಿಕೊಂಡ ಹಾಡನ್ನು ಬಿಡಿಸುವುದು ಕಷ್ಟ, ಹಕ್ಕು ಕೊಳ್ಳುವುದು ದುಬಾರಿ.

ಕಾವಲು

ಮುಖ ತೋರಿಸಲು ಹೆದರುವವರ ಬಗ್ಗೆ. ಹೆಚ್ಚಿನವರು ಮೊದಲು ಯೋಚಿಸುವುದು ಕಿಟಕಿಗೆ ಬೆನ್ನು ಹಾಕಿ ಕೂರಿಸಿ ನೆರಳಿನಂತೆ ಕಾಣಿಸುವ ಉಪಾಯ. ಆದರೆ ಲಾಗ್ ಅಥವಾ ರಾ ವಿಧಾನದಲ್ಲಿ (ಬೆಳಕು ನೆರಳಿನ ವಿವರವನ್ನು ಹೆಚ್ಚು ಉಳಿಸುವ ರೆಕಾರ್ಡಿಂಗ್) ಹಿಡಿದಾಗ ಕಪ್ಪಾಗಿ ಕಂಡ ಭಾಗದಲ್ಲೂ ಮಾಹಿತಿ ಇರುತ್ತದೆ. ಮಾನಿಟರ್‌ನಲ್ಲಿ ಬರೀ ಕಪ್ಪು ಆಕಾರ, ಎಡಿಟಿಂಗ್ ತಂತ್ರಾಂಶದಲ್ಲಿ ನೆರಳಿನ ಭಾಗದ ಬೆಳಕು ಏರಿಸಿದರೆ ಕಣ್ಣು, ಮೂಗು, ಕೆನ್ನೆಯ ಮಚ್ಚೆ ಒಂದೊಂದಾಗಿ ಮೇಲೆ ಬರುತ್ತವೆ. ಡಿಸ್ಕ್ ಯಾರದೋ ಕೈಗೆ ಸಿಕ್ಕಿದರೆ ಮುಗಿಯಿತು. ನಿಜವಾದ ಅಪಾಯ ಇರುವವರ ಮುಖವನ್ನು ಹಿಡಿಯಲೇಬಾರದು. ಕೈ, ಬೆನ್ನು, ಪೂರ್ತಿ ಫೋಕಸ್ ತಪ್ಪಿಸಿದ ಶಾಟ್, ಅಥವಾ ಬರೀ ಧ್ವನಿ. ಕೈ ಹಿಡಿಯುವಾಗ ಉಂಗುರ, ಹಚ್ಚೆ, ಗಾಯದ ಕಲೆ ನೋಡಿ. ಹಿಂದಿನ ಗೋಡೆಯ ಕ್ಯಾಲೆಂಡರ್, ಕನ್ನಡಕದ ಪ್ರತಿಬಿಂಬ, ಅಂಗಳದ ಗೇಟಿನ ಬಣ್ಣ ಇವೂ ಊರಿನವರಿಗೆ ಗುರುತು ಹೇಳುತ್ತವೆ.

ಮುಖದ ಮೇಲೆ ಚೌಕಚೌಕದ ಮಸುಕು (ಮೊಸಾಯಿಕ್) ಹಾಕಿ ಮರೆಸುವುದು, ಚೌಕಗಳು ಸಣ್ಣವಾದರೆ, ನಂಬಿಕೆಗೆ ಯೋಗ್ಯವಲ್ಲ. ಧ್ವನಿಯ ಸ್ಥಾಯಿಯನ್ನಷ್ಟೇ ಇಳಿಸಿದರೆ ಅಷ್ಟೇ ಏರಿಸಿ ಮೂಲ ಧ್ವನಿ ಕೇಳಬಹುದು, ಹಾಗಾಗಿ ಬೇರೆಯವರಿಂದ ಓದಿಸಿ, ಮೂಲವನ್ನು ಪ್ರಾಜೆಕ್ಟ್‌ನಿಂದಲೇ ತೆಗೆಯಿರಿ. 2020ರಲ್ಲಿ ಬಂದ ವೆಲ್ಕಮ್ ಟು ಚೆಚ್ನ್ಯಾ ಎಂಬ ಚಿತ್ರದಲ್ಲಿ ತಲೆಮರೆಸಿಕೊಂಡವರ ಮುಖದ ಮೇಲೆ ಬೇರೆ ಸ್ವಯಂಸೇವಕರ ಮುಖವನ್ನು ಡಿಜಿಟಲ್ ಆಗಿ ಕೂರಿಸಿದರು. ಭಾವನೆ ಉಳಿಯಿತು, ಗುರುತು ಉಳಿಯಲಿಲ್ಲ. ಆದರೆ ಅದಕ್ಕೆ ಹಣವೂ ಬೇಕು, ಮೂಲ ಫುಟೇಜನ್ನು ಅಷ್ಟು ಕಾಲ ಕಾಯುವ ವ್ಯವಸ್ಥೆಯೂ ಬೇಕು.

ಡಿಸ್ಕ್‌ಗಳು ಪೂರ್ತಿ ಎನ್‌ಕ್ರಿಪ್ಟ್ ಆಗಿರಲಿ. ಕಡತದ ಹೆಸರಲ್ಲಿ ವ್ಯಕ್ತಿಯ ಹೆಸರು ಬೇಡ, ಸಂಕೇತ ಬಳಸಿ, ಸಂಕೇತದ ಪಟ್ಟಿಯನ್ನು ಫುಟೇಜ್ ಜೊತೆ ಇಡಬೇಡಿ. ಸಹಿ ಮಾಡಿದ ಒಪ್ಪಿಗೆ ಪತ್ರವೂ ಗುರುತೇ, ಅದು ಶೂಟಿಂಗ್ ಚೀಲದಲ್ಲಿ ಓಡಾಡಬಾರದು. ಫೋನಿನ ಫೋಟೊಗಳಲ್ಲಿ ಸ್ಥಳದ ಮಾಹಿತಿ ಸೇರಿರುತ್ತದೆ, ಕ್ಯಾಮೆರಾ ಆ್ಯಪ್‌ನಲ್ಲೇ ಆಫ್ ಮಾಡಿ. ಅಪಾಯದ ಜಾಗಕ್ಕೆ ಹೋಗುವ ಮೊದಲು ಫೋನಿನಲ್ಲಿ ಬೆರಳಚ್ಚು, ಮುಖದ ಲಾಕ್ ತೆಗೆದು ಉದ್ದನೆಯ ಪಾಸ್‌ವರ್ಡ್ ಇಡಿ. ಎಲ್ಲಿದ್ದೀರಿ, ಎಷ್ಟು ಹೊತ್ತಿಗೆ ಫೋನ್ ಮಾಡುತ್ತೀರಿ, ಮಾಡದಿದ್ದರೆ ಯಾರಿಗೆ ತಿಳಿಸಬೇಕು ಎಂಬುದು ಊರಾಚೆ ಇರುವ ಒಬ್ಬರ ಬಳಿ ಬರೆದಿರಲಿ. ಸ್ವತಂತ್ರವಾಗಿ ಕೆಲಸ ಮಾಡುವ ಪತ್ರಕರ್ತರಿಗೆ ಲಂಡನ್‌ನ ರೋರಿ ಪೆಕ್ ಟ್ರಸ್ಟ್ 1995ರಿಂದ ನೆರವಾಗುತ್ತಿದೆ. ಅಪಾಯದ ಅಂದಾಜು ಬರೆಯುವ ಮಾದರಿಗಳು ಅವರಲ್ಲಿ ಸಿಗುತ್ತವೆ.

ಒಪ್ಪಿಗೆ ಒಂದು ಸಹಿಗೆ ಮುಗಿಯುವುದಿಲ್ಲ. ಶೂಟಿಂಗ್ ಮೊದಲು, ರಫ್ ಕಟ್ ಆದಾಗ, ಆನ್‌ಲೈನ್‌ಗೆ ಹೋಗುವ ಮುನ್ನ, ಮೂರು ಸಲ ಕೂತು ಮಾತಾಡಿ. "ಚಿತ್ರೋತ್ಸವದಲ್ಲಿ ತೋರಿಸುತ್ತೇವೆ" ಎಂದು ಒಪ್ಪಿಸಿ ಯೂಟ್ಯೂಬ್‌ಗೆ ಹಾಕಿದರೆ ಅದು ಮೋಸ. ಪಕ್ಕದ ಮನೆಯವರ ಫೋನಿನಲ್ಲಿ ತನ್ನ ಮುಖ ಬರುತ್ತದೆ ಎಂದು ತಿಳಿದೇ ಅವರು ಹೂಂ ಅನ್ನಬೇಕು. ಊರಿನ ಮುಖಂಡರು ಒಪ್ಪಿದ್ದಾರೆ ಎಂದರೆ ಊರಿನ ಎಲ್ಲರೂ ಒಪ್ಪಿದ ಹಾಗಲ್ಲ, ಮುಖಂಡರ ಎದುರಿಗೆ ಬೇಡ ಅನ್ನಲು ಆಗದವರಿರುತ್ತಾರೆ, ಅವರನ್ನು ಬೇರೆಯಾಗಿ ಕೇಳಿ. ಹೇಳಿಕೆಗೆ ಹಣ ಕೊಡಬೇಡಿ, ಕೋರ್ಟಿನಲ್ಲಿ ಅದೊಂದೇ ಸಾಕು ಸಾಕ್ಷ್ಯ ಬಿದ್ದುಹೋಗಲು. ಚಿತ್ರೀಕರಣಕ್ಕಾಗಿ ಕೂಲಿ ಬಿಟ್ಟು ಬಂದರೆ ಆ ದಿನದ ಕೂಲಿ, ಓಡಾಟದ ಖರ್ಚು ಕೊಡಿ, ರಸೀದಿಯಲ್ಲಿ ಕಾರಣ ಬರೆಯಿರಿ.

ದೃಶ್ಯಾರ್ಥಿ

ತುಂಬಾ ಧನ್ಯವಾದ, ಇಷ್ಟು ವಿವರ ಸಿಗುತ್ತದೆ ಅಂದುಕೊಂಡಿರಲಿಲ್ಲ. ಎರಡು ಅನುಮಾನ. ಓದು ಬರಹ ಬಾರದವರ ಒಪ್ಪಿಗೆ ಹೇಗೆ ಪಡೆಯುವುದು? ಮತ್ತೆ ಕಾವಲು ಅವರು ರಫ್ ಕಟ್ ಹೊತ್ತಿಗೆ ಮಾತಾಡಿ ಅಂತಾರೆ, ಹಕ್ಕುಪತ್ರ ಅವರು ಅಂತರ ಇಟ್ಟುಕೊಳ್ಳಿ ಅಂತಾರೆ. ಹಾಗಾದರೆ ಪಾತ್ರಗಳಿಗೆ ಚಿತ್ರ ಮುಂಚೆ ತೋರಿಸಬೇಕೋ ಬೇಡವೋ?

ಹಕ್ಕುಪತ್ರ

ಒಪ್ಪಿಗೆಯನ್ನು ಅವರ ಮಾತಿನಲ್ಲೇ ಕ್ಯಾಮೆರಾದಲ್ಲಿ ರೆಕಾರ್ಡ್ ಮಾಡಿ: ಹೆಸರು, ದಿನಾಂಕ, ಯಾವ ಚಿತ್ರಕ್ಕೆ, ಎಲ್ಲೆಲ್ಲಿ ತೋರಿಸಬಹುದು, ಹಣದ ಮಾತು ಏನಾಗಿದೆ. ನೀವು ಓದಿ ಹೇಳಿ ಅವರು "ಹೂಂ" ಎಂದರೆ ಸಾಲದು, ಅರ್ಥವಾದದ್ದನ್ನು ಅವರೇ ತಮ್ಮ ಮಾತಲ್ಲಿ ಹೇಳಬೇಕು. ಪಕ್ಕದಲ್ಲಿ ಅವರು ನಂಬುವ, ನಿಮ್ಮ ತಂಡದವರಲ್ಲದ ಒಬ್ಬ ಸಾಕ್ಷಿ ಇರಲಿ. ಮಕ್ಕಳಾದರೆ ತಂದೆತಾಯಿಯ ಒಪ್ಪಿಗೆ ಕಾನೂನಿಗೆ, ಮಗುವಿನ ಒಪ್ಪಿಗೆ ನಿಮ್ಮ ಆತ್ಮಸಾಕ್ಷಿಗೆ, ಎರಡೂ ಬೇಕು.

ತೋರಿಸುವ ವಿಷಯದಲ್ಲಿ ನನ್ನ ನಿಲುವು ಬಿಗಿ. ಯಾರಿಗೂ ಪೂರ್ತಿ ಚಿತ್ರ ತೋರಿಸಿ ಒಪ್ಪಿಗೆ ಕೇಳಬಾರದು. ಒಮ್ಮೆ ಕೇಳಿದರೆ ತಿದ್ದುವ ಹಕ್ಕು ಕೊಟ್ಟಂತೆ, ಮತ್ತು ಎದುರು ಪಕ್ಷದ ವಕೀಲರು ಕೇಳುವ ಮೊದಲ ಪ್ರಶ್ನೆಯೇ ಅದು.

ಕಾವಲು

ಇಲ್ಲಿ ಒಪ್ಪಲಾರೆ. ಜೀವ ಪಣಕ್ಕಿಟ್ಟು ಮಾತಾಡಿದವರು ಥಿಯೇಟರಿನಲ್ಲಿ ಎಲ್ಲರ ಜೊತೆ ಕೂತು ಮೊದಲ ಸಲ ನೋಡಬೇಕೆಂದರೆ ಅದು ನ್ಯಾಯವಲ್ಲ. ಅವರಿಗೆ ಅವರ ಭಾಗವನ್ನು ತೋರಿಸಿ, ಕೇಳುವ ಪ್ರಶ್ನೆಯನ್ನು ಮೊದಲೇ ಮಿತಿಗೊಳಿಸಿ: ಇದರಲ್ಲಿ ವಾಸ್ತವಾಂಶ ತಪ್ಪಿದೆಯೇ, ಇದರಿಂದ ನಿಮಗೆ ಅಪಾಯವಿದೆಯೇ. ಈ ಎರಡನ್ನು ಬಿಟ್ಟು ಉಳಿದಂತೆ ತೀರ್ಮಾನ ನಿರ್ದೇಶಕರದ್ದು ಎಂದು ಬರೆದು ತಿಳಿಸಿ, ಅವರು ಹೇಳಿದ್ದನ್ನೂ ನೀವು ಮಾಡಿದ್ದನ್ನೂ ಟಿಪ್ಪಣಿ ಇಡಿ. ಈಕ್ವೆಡಾರ್ ಮೊಕದ್ದಮೆಯಲ್ಲಿ ಪೆಟ್ಟು ಕೊಟ್ಟಿದ್ದು ದಾವೆ ಹೂಡಿದ ಪಕ್ಷದ ವಕೀಲರ ಮಾತಿನಂತೆ ಆದ ಬದಲಾವಣೆ. ಸಾಕ್ಷಿಯ ಸುರಕ್ಷತೆಗಾಗಿ ತೆಗೆದ ದೃಶ್ಯ ಅದಕ್ಕೆ ಸಮವಲ್ಲ.

ಯಾರಾದರೂ ಹಿಂದೆ ಸರಿಯಲು ಬಯಸಿದರೆ? ಪಿಕ್ಚರ್ ಲಾಕ್‌ವರೆಗೆ ಹಿಂದೆ ಸರಿಯಬಹುದು ಎಂದು ಒಪ್ಪಿಗೆ ಪತ್ರದಲ್ಲೇ ಬರೆಯುವುದು ಒಳ್ಳೆಯ ಪದ್ಧತಿ. ಹಾಗಾಗಿ ಇಡೀ ಚಿತ್ರ ಒಬ್ಬರ ಮೇಲೆ ನಿಲ್ಲದಂತೆ ಇನ್ನೊಂದು ಎಳೆಯನ್ನೂ ಶೂಟ್ ಮಾಡುತ್ತಾ ಹೋಗಿ.

ಹಕ್ಕುಪತ್ರ

ಭಾಗವನ್ನಷ್ಟೇ ತೋರಿಸಿ, ಎರಡೇ ಪ್ರಶ್ನೆ ಕೇಳಿ, ಬರಹದಲ್ಲಿಟ್ಟರೆ ನನ್ನ ತಕರಾರಿಲ್ಲ. ಲಿಂಕ್ ಮಾತ್ರ ಕಳಿಸಬೇಡಿ. ಲ್ಯಾಪ್‌ಟಾಪ್ ಹಿಡಿದು ಹೋಗಿ ತೋರಿಸಿ ವಾಪಸ್ ತನ್ನಿ.

ಎರಡನೇ ಪರದೆ

ಜೀವನ ಸಾಗುವ ಪ್ರಶ್ನೆಗೆ ಯಾರೂ ಇನ್ನೂ ಬಂದಿಲ್ಲ. ಒಂದು ಚಿತ್ರದ ಆದಾಯದಲ್ಲಿ ಅದನ್ನು ಮಾಡಿದ ವರ್ಷಗಳ ಖರ್ಚು ಹುಟ್ಟುವುದು ಅಪರೂಪ. ಈ ವೃತ್ತಿಯಲ್ಲಿ ಉಳಿದವರು ಮೂರು ಚಿತ್ರಗಳನ್ನು ಬೇರೆ ಬೇರೆ ಹಂತದಲ್ಲಿ ಇಟ್ಟುಕೊಂಡಿರುತ್ತಾರೆ: ಒಂದು ಪ್ರದರ್ಶನದಲ್ಲಿ, ಒಂದು ಸಂಕಲನದಲ್ಲಿ, ಒಂದು ಸಂಶೋಧನೆಯಲ್ಲಿ. ನಡುವೆ ಬೇರೆಯವರ ಚಿತ್ರಕ್ಕೆ ಕ್ಯಾಮೆರಾ ಅಥವಾ ಎಡಿಟಿಂಗ್, ಪಾಠ ಹೇಳುವುದು, ವಾಹಿನಿಗಳಿಗೆ ಕಿರು ವರದಿ. ಜಾಹೀರಾತು ಕೆಲಸ ಪೂರ್ತಿ ಬಿಡಬೇಕಿಲ್ಲ, ಆದರೆ ನಿಮ್ಮ ಚಿತ್ರದ ಎದುರು ಪಕ್ಷಕ್ಕೆ ಸಂಬಂಧಪಟ್ಟ ಕಂಪನಿಯಿಂದ, ಅದರ ಅಂಗಸಂಸ್ಥೆಯಿಂದ ಕೆಲಸ ಒಪ್ಪಿಕೊಂಡರೆ ಆ ಬಿಲ್ಲೇ ನಾಳೆ ನಿಮ್ಮ ವಿರುದ್ಧ ಬರುತ್ತದೆ. ಕೆಲಸ ಒಪ್ಪುವ ಮೊದಲು ಮಾಲೀಕತ್ವ ಯಾರದ್ದೆಂದು ನೋಡಿ.

ಬಿಡುಗಡೆಯಲ್ಲಿ ಸರದಿ ಮುಖ್ಯ. ದೊಡ್ಡ ಚಿತ್ರೋತ್ಸವಗಳು ವಿಶ್ವ ಅಥವಾ ಅಂತರರಾಷ್ಟ್ರೀಯ ಮೊದಲ ಪ್ರದರ್ಶನವನ್ನೇ ಕೇಳುತ್ತವೆ. ಅವಸರಕ್ಕೆ ಸಣ್ಣ ಉತ್ಸವದಲ್ಲಿ ಅಥವಾ ಆನ್‌ಲೈನ್‌ನಲ್ಲಿ ಒಮ್ಮೆ ತೋರಿಸಿದರೆ ಆ ಬಾಗಿಲು ಮುಚ್ಚಬಹುದು. ಇಡ್ಫಾ ನವೆಂಬರ್‌ನಲ್ಲಿ, ಸಂಡಾನ್ಸ್ ಜನವರಿಯಲ್ಲಿ, ಜಪಾನಿನ ಯಾಮಾಗಾಟ ಎರಡು ವರ್ಷಕ್ಕೊಮ್ಮೆ, ಬೆಸ ವರ್ಷಗಳಲ್ಲಿ. ಅರ್ಜಿಯ ಕೊನೇ ದಿನಾಂಕ ಅದಕ್ಕೂ ತಿಂಗಳುಗಟ್ಟಲೆ ಮುಂಚೆ ಇರುತ್ತದೆ, ಸಂಕಲನದ ವೇಳಾಪಟ್ಟಿಯನ್ನು ಅಲ್ಲಿಂದ ಹಿಂದಕ್ಕೆ ಎಣಿಸಿ. ಆದರೆ ಊರಿನವರು ಕೋರ್ಟಿನ ತೀರ್ಪಿಗೆ ಕಾಯುತ್ತಿರುವಾಗ ಚಿತ್ರವನ್ನು ಒಂದು ವರ್ಷ ಉತ್ಸವಗಳಲ್ಲೇ ಸುತ್ತಿಸುವುದು ಸರಿಯೇ ಎಂದು ಅವರ ಜೊತೆ ಮೊದಲೇ ಮಾತಾಡಿ. ಊರಿನಲ್ಲಿ ಅವರಿಗಷ್ಟೇ ಖಾಸಗಿಯಾಗಿ ತೋರಿಸುವುದನ್ನು ಸಾಮಾನ್ಯವಾಗಿ ಮೊದಲ ಪ್ರದರ್ಶನ ಎಂದು ಲೆಕ್ಕ ಹಿಡಿಯುವುದಿಲ್ಲ, ಆದರೂ ಉತ್ಸವದವರನ್ನು ಕೇಳಿ ಲಿಖಿತವಾಗಿ ಪಡೆದುಕೊಳ್ಳಿ.

ಎರಡು ಆವೃತ್ತಿ ಇರಲಿ: ಉತ್ಸವ ಮತ್ತು ಥಿಯೇಟರಿಗೆ 80ರಿಂದ 90 ನಿಮಿಷ, ಟಿವಿಗೆ 52 ನಿಮಿಷ. 52ರ ಆವೃತ್ತಿಯಲ್ಲಿ ಏನು ಹೋಗುತ್ತದೆ ಎಂಬುದನ್ನು ನೀವೇ ನಿರ್ಧರಿಸುವಂತೆ ಕರಾರಿನಲ್ಲಿರಬೇಕು. ಇಲ್ಲದಿದ್ದರೆ ಕಂಪನಿಯ ಉತ್ತರವಿದ್ದ ಮೂರು ನಿಮಿಷ ವಾಹಿನಿಯವರ ಕತ್ತರಿಗೆ ಹೋಗಿ, ಆಮೇಲೆ ಮಾನನಷ್ಟದ ನೋಟಿಸ್ ನಿಮ್ಮ ಹೆಸರಿಗೆ ಬರುತ್ತದೆ. ಮಾರಾಟ ಏಜೆಂಟ್ ಶೇ 20ರಿಂದ 30 ಕಮಿಷನ್ ಹಿಡಿಯುತ್ತಾರೆ, ಅದರ ಮೇಲೆ ಪ್ರಚಾರ ಖರ್ಚು ಮೊದಲು ಮುರಿದುಕೊಳ್ಳುತ್ತಾರೆ, ಆ ಖರ್ಚಿಗೆ ಮಿತಿ ಬರೆಸಿ. ವಿಶ್ವವಿದ್ಯಾಲಯ, ಗ್ರಂಥಾಲಯಗಳ ಶೈಕ್ಷಣಿಕ ಹಕ್ಕನ್ನೂ ಊರೂರು ತಿರುಗಿ ತೋರಿಸುವ ಹಕ್ಕನ್ನೂ ಯಾರಿಗೂ ಬಿಟ್ಟುಕೊಡಬೇಡಿ. ಈ ಬಗೆಯ ಚಿತ್ರಕ್ಕೆ ವರ್ಷಗಟ್ಟಲೆ ಸಣ್ಣಸಣ್ಣದಾಗಿ ಹಣ ತರುವುದು ಇವೇ.

ಕೊನೆಗೆ ಒಪ್ಪಿಸಬೇಕಾದ ಸಾಮಗ್ರಿ. ಥಿಯೇಟರಿಗೆ 24 ಫ್ರೇಮಿನ ಡಿಸಿಪಿ (ಥಿಯೇಟರ್ ಪ್ರೊಜೆಕ್ಟರಿಗೆ ಬೇಕಾದ ಡಿಜಿಟಲ್ ರೂಪ). ಯುರೋಪಿನ ಟಿವಿಗೆ ಧ್ವನಿ ಮಟ್ಟ ಮೈನಸ್ 23 ಎಲ್‌ಯುಎಫ್‌ಎಸ್ (ಸದ್ದಿನ ಗಟ್ಟಿತನದ ಅಳತೆ), ಅಮೆರಿಕಕ್ಕೆ ಮೈನಸ್ 24, ತಪ್ಪಿದರೆ ಪರೀಕ್ಷೆಯಲ್ಲೇ ವಾಪಸ್ ಬರುತ್ತದೆ. ಮಾತು, ಸಂಗೀತ, ಪರಿಸರದ ಸದ್ದು ಬೇರೆ ಬೇರೆ ಟ್ರ್ಯಾಕ್‌ನಲ್ಲಿ ಕೇಳುತ್ತಾರೆ. ಮಿಕ್ಸ್ ಮಾಡುವಾಗಲೇ ತೆಗೆಸಿಟ್ಟುಕೊಳ್ಳಿ, ಆಮೇಲೆ ಸ್ಟುಡಿಯೊಗೆ ಹೋದರೆ ಮತ್ತೊಂದು ಬಿಲ್. ಪರದೆಯ ಮೇಲೆ ಯಾವ ಅಕ್ಷರವೂ ಇಲ್ಲದ ಆವೃತ್ತಿಯೂ ಬೇಕು, ಬೇರೆ ಭಾಷೆಯವರು ತಮ್ಮ ಶೀರ್ಷಿಕೆ ಹಾಕಿಕೊಳ್ಳಲು. ಸಬ್‌ಟೈಟಲ್ ಎರಡು ಸಾಲು ಮೀರದಿರಲಿ, ಇಂಗ್ಲಿಷಿನಲ್ಲಾದರೆ ಸಾಲಿಗೆ 42 ಅಕ್ಷರದೊಳಗೆ. ಅದನ್ನು ಆ ಊರಿನ ಮಾತಿನ ಒಳದನಿ ಬಲ್ಲವರಿಂದ ತಾಳೆ ನೋಡಿಸಿ. "ಕೊಡಬೇಕಿತ್ತು" ಎಂದದ್ದು "ಕೊಟ್ಟಿದ್ದರು" ಎಂದು ಅನುವಾದವಾದರೆ ಹೇಳಿಕೆಯೇ ತಿರುಗಿಬೀಳುತ್ತದೆ, ಅನುವಾದದ ತಪ್ಪೆಂದು ಕೋರ್ಟು ಬಿಟ್ಟುಬಿಡುತ್ತದೆ ಎಂಬ ಭರವಸೆ ಇಲ್ಲ.